ಸುಟ್ಟ ಗೆಣಸಿಗೆ ಬಹುಮಾನವೇಕಿಲ್ಲ?

ನಮ್ಮ ಸಂಘದ ಕಳೆದ ದಸರಾ ಅಡುಗೆ ಸ್ಪರ್ಧೆಯ ತೀರ್ಪನ್ನು ಕುರಿತು ಯಾರೂ ಮಾತನಾಡುತ್ತಿಲ್ಲವಾದ್ದರಿಂದ ನಾವು ಮಾತನಾಡಬೇಕಾಗಿ ಬಂದಿದೆ. ಬಹುಮಾನ ಪಡೆದವರ ಮೇಲೆ ನಮಗೆ ಹೊಟ್ಟೆಕಿಚ್ಚಿಲ್ಲ. ತೀರ್ಪುಗಾರರ ಪ್ರಾಮಾಣಿಕತೆಯ ಬಗ್ಗೆಯೂ ಸಂಶಯವಿಲ್ಲ. ಅವರು ನಿಯಮದಂತೆಯೆ ನಡೆದರು. ತಂಟೆಯಿರುವುದು ಆ ನಿಯಮದಲ್ಲಿ. ಅದನ್ನು ಬರೆದ ಮಹಾಶಯರ ವಿಚಾರ ಮುಂದೆ ಬರುತ್ತದೆ.

ಸುತ್ತೋಲೆಯಲ್ಲಿ ಅಚ್ಚಾಗಿದ್ದ ವಿಷಯ ಸದಸ್ಯ ಬಾಂಧವರಿಗೆ ನೆನಪಿರಬಹುದು: 'ಶರದೃತುವಿನ ಬೇಕ್ ಮಾಡಿದ ವ್ಯಂಜನ, ಗೆಡ್ಡೆಗೆಣಸು ಮತ್ತು ಹಣ್ಣು ಕೂಡಿದ್ದು'. ಅಂದರೆ ಊಟದ ಜೊತೆಗೆ ನಂಜಿಕೊಳ್ಳುವಂಥದ್ದು. ವಿಷಯ ಒಳ್ಳೆಯದೆ. ಆಶ್ವಯುಜ ಕಾರ್ತಿಕಗಳಲ್ಲಿ ಗೆಣಸು ಬರುತ್ತದೆ, ಸೀಬೆ ಬರುತ್ತದೆ, ಸೀತಾಫಲವಂತೂ ಈ ಊರಿನ ಬೀದಿ ಬೀದಿಗಳಲ್ಲಿ ಬುಟ್ಟಿ ಬುಟ್ಟಿಯಾಗಿ ಕೂತಿರುತ್ತದೆ.

ಮೊದಲ ಬಹುಮಾನ ಹೋದದ್ದು ಗೆಣಸು, ಗಜ್ಜರಿ, ಸೇಬುಗಳನ್ನು ತುಂಡು ಮಾಡಿ, ಬೆಣ್ಣೆ, ದಾಲ್ಚಿನ್ನಿ ಪುಡಿ, ಮೇಪಲ್ ಸಿರಪ್ಪುಗಳನ್ನು ಸವರಿ ಓವನ್ನಿನಲ್ಲಿ ಕೆಂಪಗೆ ಮಾಡಿದ ತಟ್ಟೆಗೆ. ಅಮೆರಿಕದಲ್ಲಿ ನವೆಂಬರಿನ ನಾಲ್ಕನೆಯ ಗುರುವಾರ ಬರುವ ಥ್ಯಾಂಕ್ಸ್‌ಗಿವಿಂಗ್ ಹಬ್ಬದ ಊಟದಲ್ಲಿ ಇಂಥದ್ದು ಇರುತ್ತದೆ. ಮಗಳ ಬಾಣಂತನಕ್ಕೆ ಹೋಗಿದ್ದ ಸದಸ್ಯೆಯೊಬ್ಬರು ಕಲಿತು ಬಂದಿದ್ದರು. ಚೆನ್ನಾಗಿಯೇ ಇತ್ತು. ನಾವು ಎರಡು ಸಲ ಹಾಕಿಸಿಕೊಂಡೆವು, ಸುಳ್ಳೇಕೆ?

ಸಾಲಿನ ಕಟ್ಟಕಡೆಗೆ ಒಂದು ಮಣ್ಣಿನ ಗಡಿಗೆ ಇತ್ತು. ತಂದವರು ಬೇಗಂಪೇಟೆಯಲ್ಲಿ ಇನ್ನೂ ಅಪಾರ್ಟ್‌ಮೆಂಟ್ ಆಗದೆ ಉಳಿದ ಒಂದು ಹಂಚಿನ ಮನೆಯ ಹಿರಿಯರು, ರಾಯಚೂರು ಕಡೆಯವರು, ಎಪ್ಪತ್ತು ದಾಟಿದವರು. ಹೆಸರು ಅಚ್ಚಾಗುವುದು ಅವರಿಗೆ ಇಷ್ಟವಾಗಲಾರದು. ನಾವೆಲ್ಲ ಕಾಕು ಎನ್ನುತ್ತೇವೆ. ಗಡಿಗೆಯ ಬಾಯಿಗೆ ಕಣಕ ಮೆತ್ತಿತ್ತು. ತೆಗೆದಾಗ ಬಂದ ವಾಸನೆಗೆ ಪಕ್ಕದ ಟೇಬಲ್ಲಿನ ಹುಡುಗರೆಲ್ಲ ತಿರುಗಿ ನೋಡಿದರು. ಸಿಪ್ಪೆ ಸಹಿತ ಬೆಂದ ಗೆಣಸು, ಗಜ್ಜರಿ, ಅರೆಹಣ್ಣು ಪ್ಯಾರಲ. ಕಾಕು ಅಲ್ಲಿಯೇ ಸಿಪ್ಪೆ ಸುಲಿದು, ಕೈಯಲ್ಲಿ ಮುರಿದು, ಕೆಂಡದಲ್ಲಿ ಸುಟ್ಟ ಹಸಿಮೆಣಸಿನಕಾಯಿ, ಹುಣಿಸೆ ರಸ, ಚೂರು ಬೆಲ್ಲ, ಗುರೆಳ್ಳು ಪುಡಿ ಕೂಡಿಸಿ, ಮನೆಯಿಂದ ತಂದಿದ್ದ ಸಾಸಿವೆ ಇಂಗಿನ ಒಗ್ಗರಣೆ ಹಾಕಿದರು. ಜೋಳದ ರೊಟ್ಟಿಯ ಚೂರಿನಲ್ಲಿ ಒಂದಿಷ್ಟು ತೆಗೆದು ತೀರ್ಪುಗಾರರಿಗೆ ನೀಡಿದರು.

"ಯಾವ ಓವನ್ನಿನಲ್ಲಿ ಮಾಡಿದ್ದಮ್ಮ?" ಎಂದು ಕೇಳಿದರು ತೀರ್ಪುಗಾರರಲ್ಲಿ ಒಬ್ಬರು.

"ಓವನ್ ಎಲ್ಲಿಂದ ತರ್ಲಿ ತಂಗಿ? ನೀರೊಲಿ ಬೂದ್ಯಾಗ ರಾತ್ರಿ ಹುಗದಿಟ್ಟಿದ್ದೆ."

ಸುತ್ತೋಲೆ ಹೊರಬಂತು. 4ನೆಯ ಕಲಮು: 'ಪದಾರ್ಥವನ್ನು ವಿದ್ಯುತ್ ಅಥವಾ ಗ್ಯಾಸ್ ಓವನ್ನಿನಲ್ಲಿ ಬೇಕ್ ಮಾಡಿರತಕ್ಕದ್ದು.' ಆದ್ದರಿಂದ ಇದು ಬೇಕ್ ಮಾಡಿದ್ದಲ್ಲ, ಸುಟ್ಟದ್ದು. ಹಿಂದಿನಿಂದ ಯಾರೋ, ಹಬ್ಬದ ದಿನ ಸುಡುವ ಮಾತೇಕೆ ಎಂದು ನಕ್ಕರು. ರೊಟ್ಟಿಯ ಚೂರು ತೀರ್ಪುಗಾರರ ಬಾಯಿಗೆ ಹೋಗದೆ ತಟ್ಟೆಗೆ ಮರಳಿತು. ಕಾಕು ಏನೂ ಬೇಸರ ತೋರಿಸಲಿಲ್ಲ. "ಆಗ್ಲಿ ಬಿಡ್ರಿ, ತಿನ್ನಾಕಂತೂ ಬರ್ತದ" ಎಂದು ಗಡಿಗೆಯನ್ನು ಹುಡುಗರ ಕಡೆಗೆ ಸರಿಸಿದರು. ಹತ್ತು ನಿಮಿಷದಲ್ಲಿ ಗಡಿಗೆ ಖಾಲಿ. ತೊಳೆದುಕೊಂಡು, ಚೀಲದಲ್ಲಿ ಇಟ್ಟುಕೊಂಡು ಹೋದರು. ರಾಜ್ಯೋತ್ಸವಕ್ಕೆ ಬರಲಿಲ್ಲ. ಆಮೇಲೆಯೂ ಬಂದಿಲ್ಲ.

ಈಗ ವಾದಕ್ಕೆ ಬರೋಣ.

ಮೊದಲನೆಯದು ಮಾತಿನ ವಿಚಾರ. ಕನ್ನಡ ಸಂಘದ ಸ್ಪರ್ಧೆಯಲ್ಲಿ ಕನ್ನಡದ ಒಂದು ಕ್ರಿಯಾಪದ ಸೋತಿತು ಎಂಬುದು ಸಣ್ಣ ಸಂಗತಿಯಲ್ಲ. ನಮ್ಮವರು ಇಟ್ಟಿಗೆಯನ್ನು ಏನು ಮಾಡುತ್ತಾರೆ? ಸುಡುತ್ತಾರೆ. ಕುಂಬಾರ ಮಡಕೆಯನ್ನು ಏನು ಮಾಡುತ್ತಾನೆ? ಸುಡುತ್ತಾನೆ. ಇಂಗ್ಲಿಷಿನವರು ಇಟ್ಟಿಗೆಗೂ ರೊಟ್ಟಿಗೂ ಬೇಕ್ ಎಂಬ ಒಂದೇ ಮಾತು ಬಳಸಿದರೆ ಅದು ಕಲೆ. ನಾವು ಇಟ್ಟಿಗೆಗೂ ಗೆಣಸಿಗೂ ಸುಡು ಎಂದರೆ ಅದು ಸುಡುಗಾಡು! ಹಪ್ಪಳ ಸುಡುತ್ತೇವೆ, ಬದನೆಕಾಯಿ ಸುಟ್ಟು ಗೊಜ್ಜು ಮಾಡುತ್ತೇವೆ, ತೆನೆ ಸುಟ್ಟು ತಿನ್ನುತ್ತೇವೆ. ಸೀದು ಕರಕಲಾದದ್ದಕ್ಕೆ ನಮ್ಮಲ್ಲಿ ಬೇರೆ ಮಾತೇ ಇದೆ, ಸೀಯುವುದು, ಕರಕಾಗುವುದು, ಹೊತ್ತಿಹೋಗುವುದು. ನಮ್ಮ ಅಜ್ಜಿಯರಿಗೆ ಈ ವ್ಯತ್ಯಾಸ ಗೊತ್ತಿತ್ತು. ನಮಗೆ ಮರೆತಿದೆ.

ಎರಡನೆಯದು ಪದಾರ್ಥ ವಿಜ್ಞಾನ. ನಾವು ಓದಿದ್ದು ಬಿ.ಎಸ್ಸಿ., ಆಮೇಲೆ ಕೇಂದ್ರ ಸರ್ಕಾರದ ಕಡತಗಳಲ್ಲಿ ಅದನ್ನು ಹೂತಿಟ್ಟಿದ್ದೇವೆ. ಆದರೂ ಇಷ್ಟು ನೆನಪಿದೆ. ಓವನ್ ಎಂದರೆ ಏನು? ನೀರಾಗಲಿ ಎಣ್ಣೆಯಾಗಲಿ ಮುಳುಗಿಸದೆ, ಮುಚ್ಚಿದ ಜಾಗದಲ್ಲಿ, ಪದಾರ್ಥಕ್ಕೆ ಎಲ್ಲ ಕಡೆಯಿಂದ ಒಣ ಶಾಖ ತಾಕುವಂತೆ ಮಾಡುವ ಏರ್ಪಾಡು. ಅದಕ್ಕೆ ತಂತಿ ಇರಬೇಕೆಂದು ಯಾವ ಪಠ್ಯಪುಸ್ತಕವೂ ಹೇಳುವುದಿಲ್ಲ. ಬೂದಿ ಶಾಖವನ್ನು ಬೇಗ ಹಾಯಿಸುವುದಿಲ್ಲ, ಕಣಗಳ ನಡುವೆ ಗಾಳಿ ಹಿಡಿದಿರುತ್ತದೆ. ಕೆಂಡದ ಉಗ್ರವನ್ನು ಅದು ತಡೆದು, ನಿಧಾನವಾಗಿ, ಗಂಟೆಗಟ್ಟಲೆ ಒಳಕ್ಕೆ ಬಿಡುತ್ತದೆ. ಓವನ್ನಿನ ಥರ್ಮೋಸ್ಟಾಟ್ ಮಾಡುವ ಕೆಲಸವನ್ನು ಇಲ್ಲಿ ಬೂದಿ ಮಾಡುತ್ತದೆ. ವಿದ್ಯುತ್ ಬಿಲ್ಲು ಬರುವುದಿಲ್ಲ ಎಂಬುದೊಂದೇ ಭೇದ.

ಅದೂ ನಾವಿರುವುದು ಯಾವ ಊರಿನಲ್ಲಿ? ಹೈದರಾಬಾದಿನಲ್ಲಿ! ಪಾತ್ರೆಯ ಬಾಯಿಗೆ ಕಣಕ ಮೆತ್ತಿ, ಕೆಳಗೂ ಮುಚ್ಚಳದ ಮೇಲೂ ಕೆಂಡ ಹಾಕಿ ದಮ್ ಕಟ್ಟುವುದನ್ನು ಜಗತ್ತಿಗೆ ತೋರಿಸಿದ ಊರು ಇದು. ನಾವು ಬಿರಿಯಾನಿ ತಿನ್ನುವವರಲ್ಲ, ಆದರೆ ವಾಸನೆಗೆ ಜಾತಿಯಿಲ್ಲವಲ್ಲ. ಸಂಜೆ ಕಚೇರಿಯಿಂದ ಬರುತ್ತ ಇರಾನಿ ಹೋಟೆಲಿನಲ್ಲಿ ಚಹಾದೊಂದಿಗೆ ನಾವೆಲ್ಲ ಮೆಲ್ಲುವ ಉಸ್ಮಾನಿಯಾ ಬಿಸ್ಕತ್ತು ಹಳೆಯ ಬೇಕರಿಗಳಲ್ಲಿ ಇಟ್ಟಿಗೆಯ ಭಟ್ಟಿಯಿಂದ ಬಂದದ್ದು. ತಂದೂರಿ ರೊಟ್ಟಿಯ ತಂದೂರು ಮಣ್ಣಿನದು. ಇವುಗಳನ್ನು ಯಾರೂ ನಾಲ್ಕನೆಯ ಕಲಮು ತೋರಿಸಿ ವಾಪಸು ಕಳಿಸಿಲ್ಲ.

ಇನ್ನೂ ಹತ್ತಿರದ ಸಾಕ್ಷಿ ಬೇಕೆ? ಈ ಊರಿನ ಗುಜರಾತಿ ಬಂಧುಗಳನ್ನು ಉಂಧಿಯು ಎಂದರೇನೆಂದು ಕೇಳಿ. ಗೆಣಸು, ನೇರಳೆ ಬಣ್ಣದ ಗೆಣಸುಗೆಡ್ಡೆ, ಬಾಳೆಕಾಯಿ, ಬದನೆ, ಅವರೆಯ ಜಾತಿಯ ಕಾಯಿಗಳನ್ನು ಮಡಕೆಗೆ ತುಂಬಿ, ಮಡಕೆಯನ್ನು ತಲೆಕೆಳಗು ಮಾಡಿ ನೆಲದಲ್ಲಿಟ್ಟು ಸುತ್ತ ಬೆಂಕಿ ಹಾಕುತ್ತಾರೆ. ತಲೆಕೆಳಗು ಎಂಬುದೇ ಆ ಹೆಸರಿನ ಅರ್ಥ. ಗೆಡ್ಡೆಯೂ ಇದೆ, ಹಣ್ಣಿನ ಜಾತಿಯೂ ಇದೆ, ಸುಡುವುದೂ ಇದೆ. ಚಳಿಗಾಲ ಬಂತೆಂದರೆ ಅವರು ಅದನ್ನು ಹೆಮ್ಮೆಯಿಂದ ನೆಂಟರಿಗೆ ಬಡಿಸುತ್ತಾರೆ. ನ್ಯೂಜಿಲೆಂಡಿನ ಮಾವೋರಿ ಜನ ನೆಲದಲ್ಲಿ ಗುಂಡಿ ತೋಡಿ, ಕಾದ ಕಲ್ಲು ಹಾಕಿ, ಗೆಣಸನ್ನು ಮುಚ್ಚಿ ಬೇಯಿಸುವುದಕ್ಕೆ ಹಾಂಗಿ ಎನ್ನುತ್ತಾರೆ. ಪೆರು ದೇಶದವರ ಪಚಮಾಂಕವೂ ಅಂಥದ್ದೆ. ಜಪಾನಿನಲ್ಲಿ ಕಾದ ಕಲ್ಲುಗಳ ನಡುವೆ ಸುಟ್ಟ ಗೆಣಸನ್ನು ಶರತ್ಕಾಲ ಬಂದೊಡನೆ ಗಾಡಿಯಲ್ಲಿ ಮಾರುತ್ತಾರೆ. ಇವರ್ಯಾರೂ ನಮ್ಮ ಸಂಘದ ಸ್ಪರ್ಧೆಗೆ ಅರ್ಹರಲ್ಲ ಎಂದು ಮೊದಲೇ ತಿಳಿಸಿಬಿಡುವುದು ಲೇಸು.

ಮೂರನೆಯದು ರುಚಿ. ಇದೇ ಮುಖ್ಯ. ಹಸಿ ಗೆಣಸಿನಲ್ಲಿ ಸಿಹಿ ಅಷ್ಟಕ್ಕಷ್ಟೆ, ಬಹುಪಾಲು ಪಿಷ್ಟ. ಆ ಪಿಷ್ಟವನ್ನು ಮಾಲ್ಟೋಸ್ ಎಂಬ ಸಕ್ಕರೆಯಾಗಿ ಒಡೆಯುವ ಒಂದು ಕಿಣ್ವ, ಬೀಟಾ-ಅಮೈಲೇಸ್, ಗೆಣಸಿನೊಳಗೇ ಕಾದು ಕುಳಿತಿರುತ್ತದೆ. ಆದರೆ ಪಿಷ್ಟ ಬಿಸಿಗೆ ನೀರು ಹೀರಿ ಊದಿಕೊಳ್ಳುವವರೆಗೆ ಅದಕ್ಕೆ ಹಲ್ಲು ಊರಲಾಗದು. ಊದಿಕೊಳ್ಳುವುದು ಸುಮಾರು 60 ಡಿಗ್ರಿ ಸೆಲ್ಸಿಯಸ್ ದಾಟಿದ ಮೇಲೆ. ಸುಮಾರು 80 ದಾಟಿತೆಂದರೆ ಕಿಣ್ವವೇ ಸಾಯತೊಡಗುತ್ತದೆ. ಈ 60 ಮತ್ತು 80ರ ನಡುವಿನ ಓಣಿಯಲ್ಲಿ ಗೆಣಸು ಎಷ್ಟು ಹೊತ್ತು ನಡೆದಾಡಿತೋ ಅಷ್ಟು ಸಿಹಿ. ಪ್ರೆಷರ್ ಕುಕ್ಕರಿನ ಒಳಗೆ ಸುಮಾರು 120 ಡಿಗ್ರಿ. ಅಲ್ಲಿ ಗೆಣಸು ಆ ಓಣಿಯನ್ನು ಎಕ್ಸ್‌ಪ್ರೆಸ್ ರೈಲು ಬೇಗಂಪೇಟೆ ಸ್ಟೇಷನ್ ದಾಟಿದಂತೆ ದಾಟಿಬಿಡುತ್ತದೆ. ಮೆತ್ತಗಾಗುತ್ತದೆ, ಸಿಹಿಯಾಗುವುದಿಲ್ಲ. ಬೂದಿಯಲ್ಲಿ ಇಟ್ಟದ್ದು ಪ್ಯಾಸೆಂಜರ್ ಗಾಡಿ.

ಬಹುಮಾನದ ತಟ್ಟೆಯ ಗುಟ್ಟೂ ಇಲ್ಲಿಯೇ ಇದೆ. ಸಣ್ಣ ತುಂಡುಗಳನ್ನು ಮೊದಲೇ 200 ಡಿಗ್ರಿಗೆ ಕಾಯಿಸಿದ ಓವನ್ನಿಗೆ ಹಾಕಿದರೆ ಅವು ಬೇಗ ಕಾಯುತ್ತವೆ, ಮೇಲೆ ಕೆಂಪಗಾಗುತ್ತವೆ, ಒಳಗೆ ಸಿಹಿ ಹುಟ್ಟಲು ಪುರಸೊತ್ತಿರುವುದಿಲ್ಲ. ಆಮೇಲೆ ಮೇಪಲ್ ಸಿರಪ್ಪು ಸುರಿಯಬೇಕಾಗುತ್ತದೆ. ಗೆಣಸು ತಾನೇ ಕೊಡಲು ಸಿದ್ಧವಿದ್ದುದನ್ನು ಅವಸರದಲ್ಲಿ ತೆಗೆದುಕೊಳ್ಳದೆ, ಅದನ್ನೇ ಸೀಸೆಯಲ್ಲಿ ಕೊಂಡು ತಂದಂತಾಯಿತು.

ಇದನ್ನು ಪುಸ್ತಕದ ಬದನೆಕಾಯಿ ಎನ್ನಬಾರದೆಂದು ನಾವು ಮನೆಯಲ್ಲಿ ಪ್ರಯೋಗ ಮಾಡಿದೆವು. ಸಿಕಂದರಾಬಾದಿನ ಮೊಂಡಾ ಮಾರ್ಕೆಟ್ಟಿನಲ್ಲಿ ಒಂದೇ ರಾಶಿಯಿಂದ ಎರಡು ಕಿಲೋ ಗೆಣಸು ತಂದೆವು. (ಅದನ್ನು ಕೇಳುವುದೇ ಒಂದು ಪರೀಕ್ಷೆ. ತೆಲಂಗಾಣದವರು ಗೆಣಸಿಗೆ ಕಂದಗಡ್ಡ ಎನ್ನುತ್ತಾರೆ, ಕೆಲವರು ರತ್ನಪುರಿಗಡ್ಡ ಎನ್ನುತ್ತಾರೆ. ಆಂಧ್ರದವರು ಕಂದ ಎಂದರೆ ಸುವರ್ಣಗೆಡ್ಡೆ. ಹೊಸದಾಗಿ ವರ್ಗವಾಗಿ ಬಂದ ವರ್ಷ ಗೆಣಸು ತರಲು ಹೋಗಿ ಸುವರ್ಣಗೆಡ್ಡೆ ಹೊತ್ತು ತಂದು, ಮನೆಯವರಿಂದ ಮಾತು ಕೇಳಿದ್ದೇವೆ.) ಒಂದೇ ತೂಕದವನ್ನು ಆರಿಸಿ, ಒಂದನ್ನು ಕುಕ್ಕರಿನಲ್ಲಿ ಮೂರು ಕೂಗು ಕೂಗಿಸಿದೆವು. ಎರಡನೆಯದನ್ನು ಪಕ್ಕದ ಮನೆಯವರ ಓವನ್ನಿನಲ್ಲಿ ಇಡಿಯಾಗಿ, ಮೊದಲು ಸಣ್ಣ ಶಾಖ, ಕೊನೆಗೆ ಜೋರು, ಹೀಗೆ ಒಂದೂವರೆ ಗಂಟೆ ಇಡಿಸಿದೆವು. ಮೂರನೆಯದಕ್ಕೆ ಬೂದಿ ಎಲ್ಲಿಂದ ತರುವುದು? ಮೂರನೆಯ ಮಹಡಿಯ ಬಾಡಿಗೆ ಮನೆ. ಮಂಡಕ್ಕಿ ಭಟ್ಟಿಯವರು ಮರಳಿನಲ್ಲಿ ಹುರಿಯುವುದು ನೆನಪಾಯಿತು. ದಪ್ಪ ತಳದ ಕಬ್ಬಿಣದ ಬಾಣಲೆಯಲ್ಲಿ ಎರಡಂಗುಲ ಕಲ್ಲುಪ್ಪು ಹರಡಿ, ಸಿಪ್ಪೆ ಸಹಿತ ಗೆಣಸನ್ನು ಅದರಲ್ಲಿ ಹುದುಗಿಸಿ, ಮೇಲೆಯೂ ಉಪ್ಪು ಮುಚ್ಚಿ, ಭಾರದ ಮುಚ್ಚಳ ಹಾಕಿ, ತೀರ ಸಣ್ಣ ಉರಿಯಲ್ಲಿ ಒಂದೂವರೆ ಗಂಟೆ ಬಿಟ್ಟೆವು. ಅರ್ಧ ಗಂಟೆ ಉಳಿದಿರುವಾಗ ಎರಡು ಇಡಿ ಸೀಬೆಯನ್ನೂ ಒಳಗೆ ತುರುಕಿದೆವು.

ಯಾವುದು ಯಾವುದೆಂದು ಹೇಳದೆ ಮನೆಯವರಿಗೂ ಮಕ್ಕಳಿಗೂ ಪಕ್ಕದ ಮನೆಯವರಿಗೂ ಕೊಟ್ಟೆವು. ಕುಕ್ಕರಿನದನ್ನು ಎಲ್ಲರೂ ಕೊನೆಗೆ ಇಟ್ಟರು. ಓವನ್ನಿನದಕ್ಕೂ ಬಾಣಲೆಯದಕ್ಕೂ ಸರಿಸಮ ಮತ. ಮರುಭಾನುವಾರ ಮತ್ತೆ ಮಾಡಿದೆವು, ಅದೇ ಫಲಿತಾಂಶ. ಮೂರನೆಯ ಭಾನುವಾರ ಮಕ್ಕಳು ಮುಷ್ಕರ ಹೂಡಿದ್ದರಿಂದ ಸಂಶೋಧನೆ ನಿಂತಿತು. ಗಮನಿಸಬೇಕು, ಓವನ್ ಸೋಲಲಿಲ್ಲ. ನಿಧಾನವಾಗಿ ನಡೆಸಿದರೆ ಓವನ್ನೂ ಒಳ್ಳೆಯದೆ. ನಮ್ಮ ಜಗಳ ಓವನ್ನಿನ ಮೇಲಲ್ಲ, ಓವನ್ ಇಲ್ಲದವರನ್ನು ಹೊರಗಿಡುವ ಕಲಮಿನ ಮೇಲೆ.

ಸೀಬೆಯ ವಿಷಯ ಹೇಳಲೇಬೇಕು. ಸೇಬಿನ ಬದಲು ಕಾಕು ಪ್ಯಾರಲ ಹಾಕಿದ್ದು ಬಡತನಕ್ಕಲ್ಲ. ಸೀಬೆಯಲ್ಲಿ ಪೆಕ್ಟಿನ್ ಧಾರಾಳ. ಅದಕ್ಕೇ ಅದರ ಜೆಲ್ಲಿ ಅಷ್ಟು ಚೆನ್ನಾಗಿ ಕಟ್ಟುತ್ತದೆ. ಬಿಸಿಯಲ್ಲಿ ಬಿಟ್ಟುಕೊಂಡ ಆ ಪೆಕ್ಟಿನ್ ಹುಣಿಸೆ ಬೆಲ್ಲದ ರಸವನ್ನು ಹಿಡಿದು ಗೆಣಸಿಗೆ ಅಂಟಿಸುತ್ತದೆ. ಗೆಣಸಿನ ಮಂದ ಸಿಹಿಯನ್ನು ಅದರ ಒಗರು ಹುಳಿಗಳು ಎತ್ತುತ್ತವೆ. ಪೂರಾ ಹಣ್ಣಾದದ್ದು ಬೇಡ, ಕಾಯಿಯೂ ಬೇಡ. ಬೆರಳಿಗೆ ಸ್ವಲ್ಪ ಬಗ್ಗುವಂಥದ್ದು ಬೇಕು. ಬೀಜ ಸಿಕ್ಕರೆ ಸಿಗಲಿ.

ಆಕ್ಷೇಪಗಳನ್ನು ನಾವು ಕೇಳಿದ್ದೇವೆ. ಒಂದು, ಇದು ನಮ್ಮ ಸಾಂಪ್ರದಾಯಿಕ ಅಡುಗೆಯೆ, ಯಾವ ಗ್ರಂಥದಲ್ಲಿದೆ ಎಂಬುದು. ಗ್ರಂಥದಲ್ಲಿಲ್ಲ, ಇರಲಾರದು. 16ನೆಯ ಶತಮಾನದ ಆರಂಭದಲ್ಲಿ ಮೂರನೆಯ ಮಂಗರಸ ಸೂಪಶಾಸ್ತ್ರ ಬರೆಯುವಾಗ ಈ ಗೆಣಸು ನಮ್ಮ ನಾಡಿಗೆ ಬಂದಿರಲೇ ಇಲ್ಲವೆನ್ನಬೇಕು. ಕೊಲಂಬಸ್ ಅಮೆರಿಕ ಮುಟ್ಟಿದ್ದು 1492ರಲ್ಲಿ, ಪೋರ್ಚುಗೀಸರು ಗೋವೆ ಹಿಡಿದದ್ದು 1510ರಲ್ಲಿ. ಸಿಹಿಗೆಣಸು, ಸೀಬೆ, ಸೀತಾಫಲ, ಅನಾನಸು, ಹಸಿಮೆಣಸಿನಕಾಯಿ ಎಲ್ಲವೂ ಅಮೆರಿಕ ಖಂಡಗಳಿಂದ ಆಮೇಲೆ ಹಡಗು ಹತ್ತಿ ಬಂದವು. ಮೊದಲಿನಿಂದ ಇಲ್ಲಿದ್ದದ್ದು ಸುವರ್ಣಗೆಡ್ಡೆ, ಕೆಸುವಿನಗೆಡ್ಡೆ, ಕಾಡುಗೆಣಸುಗಳು. ಗೆಣಸು ಎಂಬ ಕನ್ನಡದ ಮಾತನ್ನು ಹೊಸದಾಗಿ ಬಂದ ಅತಿಥಿಗೂ ಕೊಟ್ಟೆವು. ಆದ್ದರಿಂದ ಕಾಕು ಅವರ ಗಡಿಗೆಯೂ ಬಹುಮಾನದ ತಟ್ಟೆಯೂ ಅಮೆರಿಕದ ಬೀಗರೇ. ಒಂದು ನಾಲ್ಕೈದು ನೂರು ವರ್ಷ ನಮ್ಮ ಒಲೆಯ ಮುಂದೆ ಕೂತು ಕನ್ನಡ ಕಲಿತಿದೆ, ಇನ್ನೊಂದು ಮೊನ್ನೆ ವಿಮಾನ ಇಳಿದಿದೆ. ಹೊಸಬರನ್ನು ಆದರಿಸೋಣ, ಬೇಡವೆಂದವರು ಯಾರು? ಹಳಬರನ್ನು ಬಾಗಿಲಿನಿಂದ ಆಚೆ ದಬ್ಬುವುದೇಕೆ?

ಇನ್ನೊಂದು ಆಕ್ಷೇಪ ಹೊಗೆಯದು. ಅದನ್ನು ನಾವು ಹಗುರವಾಗಿ ತಳ್ಳಿಹಾಕಲಾರೆವು. ನಾವು ಬೆಳೆದದ್ದು ತುಮಕೂರು ಜಿಲ್ಲೆಯ ಒಂದು ಹಳ್ಳಿಯಲ್ಲಿ. ದೀಪಾವಳಿಯ ನೀರು ತುಂಬುವ ಹಬ್ಬದ ಸಂಜೆ ಹಂಡೆಯನ್ನು ಹುಣಿಸೆಹಣ್ಣು ಹಾಕಿ ಬೆಳಗಿ, ಸುಣ್ಣ ಕೆಮ್ಮಣ್ಣಿನ ಪಟ್ಟೆ ಬಳಿದು, ಹಾಗಲಬಳ್ಳಿ ಸುತ್ತಿ ನೀರು ತುಂಬುತ್ತಿದ್ದರು. ನರಕ ಚತುರ್ದಶಿಯ ಮುಂಜಾನೆ ಮೂರೂವರೆಗೆ ಅಮ್ಮ ಒಲೆ ಹೊತ್ತಿಸಬೇಕು. ಹದಿನೈದು ಜನರ ಎಣ್ಣೆಸ್ನಾನ ಮುಗಿಯುವ ಹೊತ್ತಿಗೆ ಒಂಬತ್ತು ಗಂಟೆ. ವರ್ಷದಲ್ಲಿ ಅಷ್ಟು ಕೆಂಡ ಇನ್ನೊಂದು ದಿನ ಬೀಳುತ್ತಿರಲಿಲ್ಲ. ನಾವು ಮಕ್ಕಳು ಅಂದು ಬೆಳಿಗ್ಗೆ ಬೂದಿಯಲ್ಲಿ ತೂರಿಸಿಟ್ಟ ಗೆಣಸನ್ನು ಮಧ್ಯಾಹ್ನ ಕೆದಕಿ ತೆಗೆದು, ಅಂಗೈಯಿಂದ ಅಂಗೈಗೆ ಎಸೆಯುತ್ತ ತಿನ್ನುತ್ತಿದ್ದೆವು. ಆ ರುಚಿ ನೆನಪಿದೆ. ಅದೇ ಬಚ್ಚಲ ಬಾಗಿಲಲ್ಲಿ ಊದುಕೊಳವೆ ಹಿಡಿದು ಕೂತ ಅಮ್ಮನ ಕೆಮ್ಮೂ ನೆನಪಿದೆ. ಕೊನೆಯ ಹತ್ತು ವರ್ಷ ಅವರಿಗೆ ಮೆಟ್ಟಿಲು ಹತ್ತಲಾಗುತ್ತಿರಲಿಲ್ಲ. 2016ರಲ್ಲಿ ಉಜ್ವಲಾ ಯೋಜನೆ ಬಂದಾಗ ಕಚೇರಿಯಲ್ಲಿ ಅದನ್ನು ಟೀಕಿಸಿದವರೊಡನೆ ನಾವು ಜಗಳವಾಡಿದ್ದೇವೆ. ಮತ್ತೆ ಸೌದೆ ಒಲೆಗೆ ಹೋಗೋಣ ಎಂದು ಹೇಳುವವರು ಮೊದಲು ಒಂದು ವಾರ ಅದನ್ನು ಊದಿ ಬರಲಿ.

ಅದಕ್ಕೇ ನಾವು ಬಾಣಲೆ ಉಪ್ಪಿನ ವಿಧಾನವನ್ನು ಬರೆದದ್ದು. ಒಲೆ ಇರುವವರು ಒಲೆ, ಓವನ್ ಇರುವವರು ಓವನ್, ಎರಡೂ ಇಲ್ಲದವರು ಬಾಣಲೆ. ಆ ಉಪ್ಪನ್ನು ಡಬ್ಬಿಯಲ್ಲಿಟ್ಟುಕೊಂಡು ಮತ್ತೆ ಮತ್ತೆ ಬಳಸಬಹುದು. ಕಾಕು ಅವರಂತೆ ಬೂದಿಯಲ್ಲಿಯೇ ಮಾಡುವವರು ಬಣ್ಣ ಬಳಿದ ಹಲಗೆ, ಪ್ಲೈವುಡ್, ಪ್ಲಾಸ್ಟಿಕ್ ಉರಿಸಿದ ಬೂದಿಯ ಹತ್ತಿರ ಗೆಣಸನ್ನು ಸುಳಿಯಗೊಡಬಾರದು. ಈ ಊರಿನಲ್ಲಿ ಸೌದೆ ಎಂದು ಸಿಗುವುದರಲ್ಲಿ ಅದೇ ಹೆಚ್ಚು.

ಬೂದಿ ಹೊಲಸಲ್ಲವೆ ಎಂದು ಕೇಳಿದವರೊಬ್ಬರ ಹಣೆಯ ಮೇಲೆ ಮೂರು ಬೆರಳಗಲ ವಿಭೂತಿ ಇತ್ತು. ನಾವು ಉತ್ತರ ಕೊಡಲಿಲ್ಲ.

ಇನ್ನು ನಿಯಮ ಬರೆದ ಮಹಾಶಯರ ವಿಚಾರ. ಓದುಗರು ಇಷ್ಟು ಹೊತ್ತಿಗೆ ಊಹಿಸಿರಬಹುದು. ಅಡುಗೆ ಸ್ಪರ್ಧೆಯ ಉಪಸಮಿತಿಯಲ್ಲಿ ಕರಡು ಬರೆಯುವ ಕೆಲಸ ನಮ್ಮದು. ಇಪ್ಪತ್ತು ವರ್ಷ ಕರಡು ಬರೆದವರಿಗೆ ಅದನ್ನು ಬಿಟ್ಟರೆ ಬೇರೇನು ಬರುತ್ತದೆ? ಯಾವುದೋ ಇಂಗ್ಲಿಷ್ ಕರಪತ್ರವನ್ನು ಮುಂದಿಟ್ಟುಕೊಂಡು ಒಂದು ಊಟದ ವಿರಾಮದಲ್ಲಿ ಒಂಬತ್ತು ಕಲಮುಗಳನ್ನು ಇಳಿಸಿದೆವು. ನಾಲ್ಕನೆಯದೂ ಹಾಗೆಯೇ ಇಳಿಯಿತು. ಯಾರ ಮನೆಯಲ್ಲಿ ಓವನ್ ಇದೆ, ಯಾರ ಮನೆಯಲ್ಲಿಲ್ಲ ಎಂದು ಯೋಚಿಸಲಿಲ್ಲ. ನಮ್ಮ ಮನೆಯಲ್ಲಿಯೇ ಇಲ್ಲವೆಂಬುದೂ ಹೊಳೆಯಲಿಲ್ಲ. ಅಂದು ತೀರ್ಪುಗಾರರು ಸುತ್ತೋಲೆ ತೆಗೆದಾಗ ನಾವು ಎರಡು ಮಾರು ದೂರದಲ್ಲಿ ಬಹುಮಾನದ ತಟ್ಟೆ ಹಿಡಿದು ನಿಂತಿದ್ದೆವು. ಕಲಮನ್ನು ಸಡಿಲಿಸಿ ಎಂದು ಒಂದು ಮಾತು ಹೇಳಬಹುದಾಗಿತ್ತು. ಹೇಳಲಿಲ್ಲ. ಹುಡುಗರ ಜೊತೆ ಸೇರಿ ಗಡಿಗೆಯಿಂದ ಒಂದು ತುತ್ತು ತಿಂದೆವು, ಅಷ್ಟೆ.

ಹೋದ ತಿಂಗಳು ಕಾಕು ಅವರ ಮನೆಗೆ ಹೋಗಿದ್ದೆವು. ಕಲಮು ಬರೆದವರು ನಾವೇ ಎಂದು ಹೇಳಲು ಹೋದದ್ದು. ಅರ್ಧ ಗಂಟೆ ಮಳೆ, ಬೆಲೆ, ಮೊಮ್ಮಕ್ಕಳ ಶಾಲೆಯ ಮಾತಾಡಿದ ಮೇಲೆ ಹೇಳಿದೆವು. ಅವರು ಜೋರಾಗಿ ನಕ್ಕರು. "ನೀವs ಬರ್ದಿದ್ರೇನು! ನಾ ಮತ್ತ ಆ ಡಾಕ್ಟರ್ ಹೆಂಡ್ತಿ ಬರ್ದಾಳ ಅಂತ ಅಕಿನ್ನ ಬೈಕೋತ ಕೂತಿದ್ದೆ" ಎಂದರು. ಹಂಚಿನ ಮನೆಯನ್ನು ಬಿಲ್ಡರಿಗೆ ಕೊಡುವ ಮಾತು ನಡೆದಿದೆಯಂತೆ. ಅಂಗಳದ ನೀರೊಲೆ ಈ ದೀಪಾವಳಿಗೆ ಇರುತ್ತದೆ, ಮುಂದಿನದಕ್ಕೆ ಹೇಳಲಾಗದು ಎಂದರು. ಬಾಣಲೆ ಉಪ್ಪಿನ ವಿಧಾನವನ್ನು ನಮ್ಮಿಂದ ಎರಡು ಸಲ ಕೇಳಿ ತಿಳಿದುಕೊಂಡರು. ಉಪ್ಪಿನ ಬದಲು ಹೊಳೆಯ ಉಸುಕು ನಡೆಯುತ್ತದೆಯೆ ಎಂದರು. ಜರಡಿ ಹಿಡಿದು, ತೊಳೆದು, ಒಣಗಿಸಿದರೆ ನಡೆಯುತ್ತದೆ ಎಂದೆವು.

ಈ ಬಾರಿಯ ಸುತ್ತೋಲೆ ಅಚ್ಚಿಗೆ ಹೋಗುವ ಮುನ್ನ ತಿದ್ದುಪಡಿಯ ಕರಡನ್ನು ಕಾರ್ಯದರ್ಶಿಗಳಿಗೆ ಕೊಟ್ಟಿದ್ದೇವೆ. '4. ಪದಾರ್ಥವನ್ನು ಒಣ ಶಾಖದಲ್ಲಿ ಸುಟ್ಟಿರಬೇಕು. ಓವನ್, ಒಲೆ, ಬೂದಿ, ಉಸುಕು, ಉಪ್ಪು ಯಾವುದಾದರೂ ಸರಿ. ತೀರ್ಪುಗಾರರು ತಿಂದು ನೋಡಿಯೇ ತೀರ್ಪು ಕೊಡತಕ್ಕದ್ದು.' ಕಳೆದ ವರ್ಷ ತಿಂದು ನೋಡದೆ ಹಿಂದಿರುಗಿಸಿದ ಒಂದು ಪ್ರವೇಶವನ್ನು ಈ ವರ್ಷದ ಸ್ಪರ್ಧೆಗೆ ಶುಲ್ಕವಿಲ್ಲದೆ ಸೇರಿಸಿಕೊಳ್ಳಬೇಕೆಂದೂ ಕೇಳಿದ್ದೇವೆ. 'ಸುಟ್ಟಿರಬೇಕು' ಎಂಬ ಮಾತನ್ನು ಬದಲಾಯಿಸಿ ಎಂದು ಸಮಿತಿಯಿಂದ ಮೌಖಿಕ ಸೂಚನೆ ಬಂದಿದೆ. ಬದಲಾಯಿಸಿಲ್ಲ.